ಸಿ ಡ್ರೈವ್ ಫುಲ್: ಗೇಮ್ ತೆಗೆಯೋದಾ, ಬೇರೆ ಕಡೆ ಹಾಕೋದಾ?

ಗೋಣಿಕೊಪ್ಪ_ಸಿವಿಲ್:

ಎಲ್ಲರಿಗೂ ನಮಸ್ಕಾರ. ವಿಂಡೋಸ್ 11 ಲ್ಯಾಪ್‌ಟಾಪ್, 8 ಜಿಬಿ ರ‍್ಯಾಮ್, 512 ಜಿಬಿ ಎಸ್‌ಎಸ್‌ಡಿ. ತಗೊಂಡಾಗಲೇ ಎರಡು ಭಾಗ ಮಾಡಿ ಕೊಟ್ಟಿದ್ರು. ಸಿ ಡ್ರೈವ್ 195 ಜಿಬಿ, ಡಿ ಡ್ರೈವ್ 281 ಜಿಬಿ. ಸಿ ನಲ್ಲಿ ಈಗ ಬರೀ 4 ಜಿಬಿ ಉಳಿದಿದೆ, ಡಿ ಹೆಚ್ಚುಕಮ್ಮಿ ಖಾಲಿ. ಕಾಲೇಜಿಗೆ ಆಟೋಕ್ಯಾಡ್, ರೆವಿಟ್ ಎರಡೂ ಹಾಕ್ಬೇಕು, 40 ಜಿಬಿಯಾದ್ರೂ ಬೇಕು.

ಇರೋ ಗೇಮ್‌ಗಳು: ಜಿಟಿಎ 5 (2020ರಲ್ಲಿ ಎಪಿಕ್‌ನವರು ಫ್ರೀ ಕೊಟ್ಟಾಗ ತಗೊಂಡಿದ್ದು), ಸ್ಟೀಮ್‌ನಲ್ಲಿ ಎರಡು ಚಿಕ್ಕವು, ವ್ಯಾಲೊರಂಟ್, ಬ್ಲೂಸ್ಟ್ಯಾಕ್ಸ್ (ಮೊಬೈಲ್ ಗೇಮ್ ಲ್ಯಾಪ್‌ಟಾಪ್‌ನಲ್ಲಿ ಆಡೋಕೆ). ಫೋಲ್ಡರ್ ಸೀದಾ ಡಿಲೀಟ್ ಮಾಡಿದ್ರೆ ಸಾಕಾ? ಆಮೇಲೆ ಬೇಕು ಅನ್ಸಿದ್ರೆ ಪೂರ್ತಿ ಮತ್ತೆ ಡೌನ್‌ಲೋಡ್ ಮಾಡ್ಬೇಕಾ? ಮಳೆ ಶುರುವಾದ್ರೆ ಇಲ್ಲಿ ಕರೆಂಟ್, ನೆಟ್ ಎರಡೂ ನಂಬೋ ಹಾಗಿಲ್ಲ, ಅದಕ್ಕೇ ಕೇಳ್ತಿದ್ದೀನಿ.

ಮಡಿಕೇರಿ_ಹಾರ್ಡ್‌ವೇರ್:

ನಿಮ್ಮದು ಜಾಗ ಇಲ್ಲದ ಸಮಸ್ಯೆ ಅಲ್ಲ, ಜಾಗ ತಪ್ಪು ಕಡೆ ಇರುವ ಸಮಸ್ಯೆ. 195 ಮತ್ತು 281 ಸೇರಿದರೆ 476. ಡಬ್ಬದ ಮೇಲೆ 512 ಅಂತ ಇರುವ ಎಸ್‌ಎಸ್‌ಡಿಯನ್ನು ವಿಂಡೋಸ್ ತನ್ನ ಲೆಕ್ಕದಲ್ಲಿ 476 ಅಂತಲೇ ತೋರಿಸುತ್ತದೆ, ಏನೂ ಕಳೆದುಹೋಗಿಲ್ಲ. ಹೀಗೆ ಎರಡು ಭಾಗ ಮಾಡಿ ಕೊಡುವ ಲ್ಯಾಪ್‌ಟಾಪ್‌ಗಳಲ್ಲಿ ಸಿ ತುಂಬಿ ಡಿ ಖಾಲಿ ಬಿದ್ದಿರುವುದು ಮಾಮೂಲು, ಏಕೆಂದರೆ ಪ್ರತಿ ಲಾಂಚರ್ (ಗೇಮ್ ಇಳಿಸಿ ತೆರೆಯುವ ಎಪಿಕ್, ಸ್ಟೀಮ್ ಥರದ ಆ್ಯಪ್) ಕೂಡ ನೀವು ಬೇರೆ ಹೇಳದಿದ್ದರೆ ಸಿ ಗೇ ಹಾಕುತ್ತದೆ.

ಹಾಗಾಗಿ ಮೊದಲು ಯಾವುದನ್ನೂ ತೆಗೆಯಬೇಡಿ. ಯಾವುದು ಎಷ್ಟು ತಿಂದಿದೆ ಅಂತ ನೋಡಿ. ಸೆಟ್ಟಿಂಗ್ಸ್, ಆ್ಯಪ್ಸ್, ಇನ್‌ಸ್ಟಾಲ್ಡ್ ಆ್ಯಪ್ಸ್‌ಗೆ ಹೋಗಿ ಸೈಜ್ ಪ್ರಕಾರ ಜೋಡಿಸಿದರೆ ಒಂದು ಅಂದಾಜು ಸಿಗುತ್ತದೆ. ಆ ಪಟ್ಟಿಯನ್ನು ಪೂರ್ತಿ ನಂಬಬೇಡಿ. ಸ್ಟೀಮ್ ಗೇಮ್‌ಗಳ ಎದುರು ಎಷ್ಟೋ ಸಲ ಸೈಜೇ ಇರುವುದಿಲ್ಲ. ಬ್ಲೂಸ್ಟ್ಯಾಕ್ಸ್‌ನಂಥದ್ದು ಡೇಟಾವನ್ನು ಬೇರೆ ಫೋಲ್ಡರ್‌ನಲ್ಲಿ ಇಡುವುದರಿಂದ ಪಟ್ಟಿಯಲ್ಲಿ ಚಿಕ್ಕದಾಗಿ ಕಾಣುತ್ತದೆ. ನಿಜ ಗೊತ್ತಾಗಬೇಕಾದರೆ ವಿಜ್‌ಟ್ರೀ ಅಥವಾ ವಿನ್‌ಡಿರ್‌ಸ್ಟಾಟ್ ಹಾಕಿ, ಅಡ್ಮಿನಿಸ್ಟ್ರೇಟರ್ ಆಗಿ ಓಡಿಸಿ. ವಿಜ್‌ಟ್ರೀ ಡಿಸ್ಕಿನ ಫೈಲ್ ಪಟ್ಟಿಯನ್ನೇ ನೇರ ಓದುತ್ತದೆ, ಕೆಲವೇ ಸೆಕೆಂಡಿನಲ್ಲಿ ದೊಡ್ಡ ಫೋಲ್ಡರ್ ಮೇಲೆ ಬರುತ್ತವೆ.

ಫೋಲ್ಡರ್ ಸೀದಾ ಡಿಲೀಟ್ ಮಾಡುವುದು ಬೇಡ. ಫೈಲ್ ಹೋಗುತ್ತದೆ, ಆದರೆ ಲಾಂಚರ್ ಲೆಕ್ಕದಲ್ಲಿ ಗೇಮ್ ಇನ್ನೂ ಇದ್ದೇ ಇರುತ್ತದೆ. ಎಪಿಕ್ ಆದರೆ ಪ್ಲೇ ಒತ್ತಿದಾಗ ಎರರ್ ಕೊಡುತ್ತದೆ, ಅನ್‌ಇನ್‌ಸ್ಟಾಲ್ ಒತ್ತಿದರೂ ಕೆಲವೊಮ್ಮೆ ತಕರಾರು ಮಾಡುತ್ತದೆ. ಇನ್‌ಸ್ಟಾಲ್ಡ್ ಆ್ಯಪ್ಸ್‌ನಲ್ಲಿ ಹೆಸರು ಹಾಗೇ ಉಳಿದು, ಅನ್‌ಇನ್‌ಸ್ಟಾಲರ್ ಫೈಲ್ ಸಿಗುತ್ತಿಲ್ಲ ಅನ್ನುತ್ತದೆ. ಈಗಾಗಲೇ ಹಾಗೆ ಮಾಡಿದವರು ಯಾರಾದರೂ ಇದ್ದರೆ, ಮೈಕ್ರೋಸಾಫ್ಟ್‌ನವರದ್ದೇ ಪ್ರೋಗ್ರಾಂ ಇನ್‌ಸ್ಟಾಲ್ ಆ್ಯಂಡ್ ಅನ್‌ಇನ್‌ಸ್ಟಾಲ್ ಟ್ರಬಲ್‌ಶೂಟರ್ ಇದೆ, ಅದರಲ್ಲಿ ಆ ಹೆಸರು ಆರಿಸಿ ತೆಗೆಯಬಹುದು.

ಕುಶಾಲನಗರ_ನೆಟ್:

ಎರಡನೇ ಪ್ರಶ್ನೆಗೆ ನನ್ನ ಉತ್ತರ. ಅನ್‌ಇನ್‌ಸ್ಟಾಲ್ ಮಾಡಿದರೆ ಗೇಮ್ ನಿಮ್ಮ ಖಾತೆಯಿಂದ ಹೋಗಲ್ಲ, ಎಪಿಕ್‌ನಲ್ಲೂ ಸ್ಟೀಮ್‌ನಲ್ಲೂ ಲೈಬ್ರರಿಯಲ್ಲಿ ಇದ್ದೇ ಇರುತ್ತೆ, ದುಡ್ಡು ಮತ್ತೆ ಕೊಡಬೇಕಿಲ್ಲ. (ಸ್ಟೀಮ್ ಸಪೋರ್ಟ್ ಪುಟದಲ್ಲಿ ಖಾತೆಯಿಂದಲೇ ಶಾಶ್ವತವಾಗಿ ತೆಗೆಯುವ ಆಯ್ಕೆ ಒಂದಿದೆ. ಅದು ಬೇರೆ, ಅದನ್ನು ಮುಟ್ಟಬೇಡಿ.) ಆದರೆ ಫೈಲ್ ಪೂರ್ತಿ ಮತ್ತೆ ಇಳಿಸಬೇಕು.

ಲೆಕ್ಕ ಹಾಕಿ. ಜಿಟಿಎ 5 ಸುಮಾರು 100 ಜಿಬಿ. 30 ಎಂಬಿಪಿಎಸ್ ಫೈಬರ್ ಒಂದು ನಿಮಿಷವೂ ನಿಲ್ಲದೆ ಬಂದರೆ ಏಳೂವರೆ ಗಂಟೆ. 10 ಎಂಬಿಪಿಎಸ್ ಆದರೆ 22 ಗಂಟೆ. ದಿನಕ್ಕೆ 2 ಜಿಬಿ ಮೊಬೈಲ್ ಡೇಟಾದಲ್ಲಿ ಹಾಟ್‌ಸ್ಪಾಟ್ ಹಾಕಿದರೆ 50 ದಿನ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ನಮ್ಮ ಕಡೆ ಮರ ಬಿದ್ದು ಲೈನ್ ಹೋದರೆ ಲ್ಯಾಪ್‌ಟಾಪ್ ಬ್ಯಾಟರಿಯಲ್ಲಿ ಓಡುತ್ತೆ ನಿಜ, ಆದರೆ ರೂಟರ್ ಆಫ್ ಆಗುತ್ತೆ. ಬೆಂಗಳೂರಿನವರು ವಿಡಿಯೋದಲ್ಲಿ "ಬೇಡ ಅಂದ್ರೆ ತೆಗೀರಿ, ಬೇಕಾದಾಗ ಹಾಕ್ಕೊಳ್ಳಿ" ಅನ್ನೋದು ಅವರ ನೆಟ್‌ಗೆ ಸರಿ. ಇಲ್ಲಿ ದೊಡ್ಡ ಗೇಮ್ ಆದರೆ ಮೊದಲು ಜಾಗ ಬದಲಿಸೋಕೆ ಆಗುತ್ತಾ ನೋಡಿ, ಆಗದಿದ್ದರೆ ಬ್ಯಾಕಪ್, ಅದೂ ಆಗದಿದ್ದರೆ ಮಾತ್ರ ಡಿಲೀಟ್.

ಗೋಣಿಕೊಪ್ಪ_ಸಿವಿಲ್:

ಥ್ಯಾಂಕ್ಸ್ ಅಣ್ಣ. ವಿಜ್‌ಟ್ರೀ ಹಾಕಿದೆ. ಜಿಟಿಎ ಫೋಲ್ಡರ್ ಒಂದೇ ಅರ್ಧಕ್ಕಿಂತ ಜಾಸ್ತಿ. ಅದನ್ನ ಡಿ ಗೆ ಹಾಕೋದು ಹೇಗೆ? ಕಟ್ ಮಾಡಿ ಪೇಸ್ಟ್ ಮಾಡಿದ್ರೆ ಎಪಿಕ್‌ಗೆ ಗೊತ್ತಾಗುತ್ತಾ?

ವಿರಾಜಪೇಟೆ_ಗೇಮರ್:

ಬರೀ ಕಟ್-ಪೇಸ್ಟ್ ಮಾಡಿದರೆ ಗೊತ್ತಾಗಲ್ಲ. ಎಪಿಕ್‌ಗೆ ಒಂದು ದಾರಿ ಇದೆ, ಕ್ರಮ ತಪ್ಪದೆ ಮಾಡಿ.

ಮೊದಲು ಲಾಂಚರನ್ನು ಪೂರ್ತಿ ಮುಚ್ಚಿ. ಬಲಗಡೆ ಮೇಲಿನ ಗುಣಿಸು ಗುರುತು ಒತ್ತಿದರೆ ಅದು ಗಡಿಯಾರದ ಪಕ್ಕದ ಟ್ರೇಗೆ ಹೋಗಿ ಕೂತಿರುತ್ತದೆ, ಅಲ್ಲಿ ಬಲ ಕ್ಲಿಕ್ ಮಾಡಿ ಎಕ್ಸಿಟ್ ಕೊಡಿ. ಪ್ರೋಗ್ರಾಂ ಫೈಲ್ಸ್ ಒಳಗೆ ಎಪಿಕ್ ಗೇಮ್ಸ್ ಫೋಲ್ಡರ್, ಅದರೊಳಗಿನ ಜಿಟಿಎ ಫೋಲ್ಡರನ್ನು ಡಿ ಡ್ರೈವ್‌ಗೆ ಕಾಪಿ ಮಾಡಿ, ಜಿಟಿಎ_ಹಳೆಯದು ಅಂತ ಹೆಸರಿಡಿ. ಕಟ್ ಬೇಡ, ಕಾಪಿ. ನಡುವೆ ಏನಾದರೂ ಆದರೆ ಮೂಲ ಇರಬೇಕು. ಕಾಪಿ ಮುಗಿದ ಮೇಲೆ ಎರಡೂ ಫೋಲ್ಡರ್ ಮೇಲೆ ಬಲ ಕ್ಲಿಕ್ ಮಾಡಿ ಪ್ರಾಪರ್ಟೀಸ್ ನೋಡಿ, ಒಟ್ಟು ಬೈಟ್‌ಗಳೂ ಫೈಲ್ ಸಂಖ್ಯೆಯೂ ಒಂದೇ ಇರಬೇಕು.

ಈಗ ಎಪಿಕ್ ತೆರೆದು ಲೈಬ್ರರಿಯಲ್ಲಿ ಜಿಟಿಎ ಪಕ್ಕದ ಮೂರು ಚುಕ್ಕೆ ಒತ್ತಿ ಅನ್‌ಇನ್‌ಸ್ಟಾಲ್ ಕೊಡಿ. ಸಿ ಯಲ್ಲಿ ಜಾಗ ಆಯಿತು. ಮತ್ತೆ ಇನ್‌ಸ್ಟಾಲ್ ಒತ್ತಿ, ಜಾಗ ಕೇಳಿದಾಗ ಡಿ ಯಲ್ಲಿ ಗೇಮ್ಸ್ ಅಂತ ಒಂದು ಫೋಲ್ಡರ್ ಕೊಡಿ. ಡೌನ್‌ಲೋಡ್ 2-3 ಶೇಕಡಾ ಬರಲಿ. ಅಷ್ಟರಲ್ಲಿ ಹೊಸ ಜಾಗದಲ್ಲಿ ಗೇಮ್ ಫೋಲ್ಡರ್ ಹುಟ್ಟಿರುತ್ತದೆ. ಪಾಜ್ ಒತ್ತಿ ಡೌನ್‌ಲೋಡ್ ನಿಲ್ಲಿಸಿ, ಲಾಂಚರನ್ನು ಮತ್ತೆ ಟ್ರೇಯಿಂದಲೇ ಎಕ್ಸಿಟ್ ಮಾಡಿ. ಜಿಟಿಎ_ಹಳೆಯದು ಒಳಗಿರುವ ಎಲ್ಲವನ್ನೂ ಕಟ್ ಮಾಡಿ ಹೊಸ ಫೋಲ್ಡರ್‌ಗೆ ಹಾಕಿ, ರಿಪ್ಲೇಸ್ ಕೇಳಿದರೆ ಎಲ್ಲಕ್ಕೂ ಹೌದು ಅನ್ನಿ. ಒಂದೇ ಪಾರ್ಟಿಷನ್ ಒಳಗಿನ ಕಟ್-ಪೇಸ್ಟ್ ಆದ್ದರಿಂದ ಕ್ಷಣದಲ್ಲಿ ಮುಗಿಯುತ್ತದೆ, ಎರಡು ಪಟ್ಟು ಜಾಗವೂ ಬೇಡ. ಲಾಂಚರ್ ತೆರೆದು ರೆಸ್ಯೂಮ್ ಕೊಡಿ. ಇರುವ ಫೈಲ್‌ಗಳನ್ನು ಅದೇ ಪರೀಕ್ಷಿಸಿಕೊಂಡು, ಇಲ್ಲದ್ದನ್ನು ಮಾತ್ರ ಇಳಿಸುತ್ತದೆ.

ಎಡವುವುದು ಎಲ್ಲಿ ಅಂದರೆ, 2-3 ಶೇಕಡಾ ಬರುವ ಮೊದಲೇ ನಿಲ್ಲಿಸುವುದು, ಅಥವಾ ಫೋಲ್ಡರ್ ಒಳಗೆ ಫೋಲ್ಡರ್ ಹಾಕಿಬಿಡುವುದು. ಹೊಸ ಜಿಟಿಎ ಫೋಲ್ಡರ್ ಒಳಗೆ ಜಿಟಿಎ_ಹಳೆಯದು ಅಂತ ಕಂಡರೆ ಎಪಿಕ್ ಅದನ್ನು ನೋಡುವುದೇ ಇಲ್ಲ, ಮೊದಲಿನಿಂದ ಇಳಿಸಲು ಕೂರುತ್ತದೆ.

ಸ್ಟೀಮ್ ಆದರೆ ಇಷ್ಟು ಕಷ್ಟವಿಲ್ಲ. ಸೆಟ್ಟಿಂಗ್ಸ್ ಒಳಗೆ ಸ್ಟೋರೇಜ್, ಮೇಲಿನ ಡ್ರೈವ್ ಹೆಸರು ಒತ್ತಿ ಆ್ಯಡ್ ಡ್ರೈವ್, ಡಿ ಆರಿಸಿ. ಮತ್ತೆ ಸಿ ಗೆ ಬಂದು ಗೇಮ್‌ಗಳ ಪಕ್ಕ ಟಿಕ್ ಹಾಕಿ ಮೂವ್ ಒತ್ತಿ. ಕಾಪಿ ಮುಗಿಸಿ ಹಳೆಯದನ್ನು ಸ್ಟೀಮೇ ಅಳಿಸುತ್ತದೆ. ಅದೇ ಪುಟದಲ್ಲಿ ಡಿ ಯನ್ನು ಡೀಫಾಲ್ಟ್ ಮಾಡಿಬಿಡಿ. ಎಕ್ಸ್‌ಬಾಕ್ಸ್ ಆ್ಯಪ್‌ನಿಂದ ಹಾಕಿದ ಗೇಮ್ ಇದ್ದರೆ ಅದರ ಮ್ಯಾನೇಜ್, ಫೈಲ್ಸ್‌ನಲ್ಲಿ ಡ್ರೈವ್ ಬದಲಿಸುವ ಆಯ್ಕೆ ಇದೆ.

ಇನ್ನೊಂದು. 2025ರ ಮಾರ್ಚ್‌ನಲ್ಲಿ ಜಿಟಿಎ 5 ಎನ್‌ಹ್ಯಾನ್ಸ್ಡ್ ಬಂತು, ಹಳೆಯದು ಇದ್ದವರಿಗೆ ಉಚಿತ. ಅದು ಹಳೆಯದರ ಅಪ್‌ಡೇಟ್ ಅಲ್ಲ, ಪ್ರತ್ಯೇಕ ಇನ್‌ಸ್ಟಾಲ್. ಅದನ್ನೂ ಹಾಕಿದವರ ಹತ್ತಿರ ಹಳೆಯದು ಮತ್ತು ಹೊಸದು ಎರಡೂ ನೂರು ನೂರು ಜಿಬಿ ಹಿಡಿದು ಕೂತಿರುತ್ತವೆ. ಯಾವುದಾದರೂ ಒಂದನ್ನು ಧೈರ್ಯವಾಗಿ ತೆಗೆಯಬಹುದು, ಆಡುವುದು ಯಾವುದು ಅಂತ ನೋಡಿಕೊಂಡು.

ನಾಪೋಕ್ಲು_ಪೋಷಕಿ:

ಇದೇ ವಿಷಯ ಆದ್ದರಿಂದ ಇಲ್ಲೇ ಕೇಳುತ್ತೇನೆ. ಮಗಳು ಮೈನ್‌ಕ್ರಾಫ್ಟ್‌ನಲ್ಲಿ ಕಟ್ಟಿದ ಮನೆ, ಊರು ಎಲ್ಲ ಇದೆ. ಆನ್‌ಲೈನ್ ಪರೀಕ್ಷೆಗೆ ಜಾಗ ಬೇಕೆಂದು ಗೇಮ್ ತೆಗೆದರೆ ಅದೂ ಹೋಗುತ್ತದೆಯೇ? ಹೋದರೆ ಅವಳು ತುಂಬಾ ಬೇಜಾರು ಮಾಡಿಕೊಳ್ಳುತ್ತಾಳೆ.

ಸುಂಟಿಕೊಪ್ಪ_ಬ್ಯಾಕಪ್:

ಮೇಡಂ, ಯಾವ ಮೈನ್‌ಕ್ರಾಫ್ಟ್ ಅನ್ನುವುದರ ಮೇಲೆ ಇದೆ. ಜಾವಾ ಎಡಿಷನ್ ಆದರೆ ಲೋಕಗಳು ಬಳಕೆದಾರರ ಆ್ಯಪ್‌ಡೇಟಾ, ರೋಮಿಂಗ್ ಒಳಗೆ ಹೆಸರಿನ ಮುಂದೆ ಚುಕ್ಕೆ ಇರುವ ಮೈನ್‌ಕ್ರಾಫ್ಟ್ ಫೋಲ್ಡರ್, ಅದರೊಳಗೆ ಸೇವ್ಸ್ ಅನ್ನುವಲ್ಲಿ ಇರುತ್ತವೆ. ಒಂದೊಂದು ಲೋಕಕ್ಕೆ ಒಂದೊಂದು ಫೋಲ್ಡರ್. ಲಾಂಚರ್ ತೆಗೆದರೂ ಅದು ಉಳಿಯುತ್ತದೆ, ಆದರೂ ಸೇವ್ಸ್ ಫೋಲ್ಡರನ್ನು ಪೆನ್‌ಡ್ರೈವ್‌ಗೆ ಕಾಪಿ ಮಾಡಿ ಇಡಿ.

ಬೆಡ್‌ರಾಕ್ ಎಡಿಷನ್ ಆದರೆ ಎಚ್ಚರ. ಅಲ್ಲಿ ಗೇಮ್ ತೆಗೆದರೆ ಲೋಕಗಳೂ ಅದರ ಜೊತೆಗೇ ಅಳಿದುಹೋಗಬಹುದು. ಫೋಲ್ಡರ್ ಹುಡುಕುವ ಬದಲು ಗೇಮ್ ಒಳಗಿಂದಲೇ ಹೊರತೆಗೆಯಿರಿ. ಪ್ಲೇ ಒತ್ತಿ, ಲೋಕದ ಪಕ್ಕದ ಪೆನ್ಸಿಲ್ ಗುರುತು ಒತ್ತಿ, ಪುಟದ ಕೆಳಗೆ ಎಕ್ಸ್‌ಪೋರ್ಟ್ ವರ್ಲ್ಡ್ ಇರುತ್ತದೆ. ಒಂದು ಲೋಕಕ್ಕೆ ಒಂದು ಫೈಲ್ ಬರುತ್ತದೆ. ಮುಂದೆ ಗೇಮ್ ಹಾಕಿದ ಮೇಲೆ ಆ ಫೈಲ್ ಮೇಲೆ ಡಬಲ್ ಕ್ಲಿಕ್ ಮಾಡಿದರೆ ಲೋಕ ವಾಪಸ್. ಗೇಮ್ ತೆಗೆಯುವ ಮುಂಚೆ ಆ ಫೈಲ್ ಸೊನ್ನೆ ಸೈಜ್ ಇಲ್ಲ ಅನ್ನುವುದನ್ನು ನೋಡಿಕೊಳ್ಳಿ. ಮೈನ್‌ಕ್ರಾಫ್ಟ್ ಹೇಗೂ ದೊಡ್ಡ ಗೇಮ್ ಅಲ್ಲ, ತೆಗೆದರೆ ಸಿಗುವ ಜಾಗ ಕಡಿಮೆ. ಸಾಧ್ಯವಾದರೆ ಅದನ್ನು ಬಿಟ್ಟು ಬೇರೆ ನೋಡಿ.

ಉಳಿದ ಗೇಮ್‌ಗಳ ಸೇವ್ (ಆಟದಲ್ಲಿ ಎಲ್ಲಿಯವರೆಗೆ ಬಂದಿದ್ದೀರಿ ಅನ್ನುವ ಫೈಲ್) ಬಗ್ಗೆಯೂ ಹೇಳುತ್ತೇನೆ, ಎಲ್ಲಕ್ಕಿಂತ ಹೆಚ್ಚು ಜನ ಕಳೆದುಕೊಳ್ಳುವುದು ಇದನ್ನೇ. ಗೇಮ್ ಫೈಲ್ ಮತ್ತೆ ಸಿಗುತ್ತದೆ, ಸೇವ್ ಸಿಗುವುದಿಲ್ಲ. ಸ್ಟೀಮ್‌ನಲ್ಲಿ ಗೇಮ್ ಪುಟ ತೆರೆದರೆ ಪ್ಲೇ ಬಟನ್ ಸಾಲಿನಲ್ಲಿ ಒಂದು ಸಣ್ಣ ಮೋಡದ ಗುರುತು ಕಾಣುತ್ತದೆ. ಅದು ಇದ್ದು, ಅಪ್ ಟು ಡೇಟ್ ಅಂತ ಇದ್ದರೆ ಸೇವ್ ಅವರ ಸರ್ವರ್‌ನಲ್ಲಿದೆ. ಮೋಡ ಇಲ್ಲದ ಗೇಮ್‌ಗೆ ಕ್ಲೌಡ್ ಸೇವ್ ಇಲ್ಲ. ನೆಟ್ ಇಲ್ಲದೆ ಆಫ್‌ಲೈನ್ ಆಡಿದ ದಿನಗಳ ಸೇವ್ ಲ್ಯಾಪ್‌ಟಾಪಿನಲ್ಲೇ ಇರುತ್ತದೆ. ಹಾಗಾಗಿ ತೆಗೆಯುವ ಮುಂಚೆ ಒಮ್ಮೆ ನೆಟ್ ಹಾಕಿ ಗೇಮ್ ತೆರೆದು ಮುಚ್ಚಿ, ಸಿಂಕ್ ಆಗಲಿ.

ಕ್ಲೌಡ್ ಇಲ್ಲದವಕ್ಕೆ ಕೈಯಾರೆ ಹುಡುಕಬೇಕು. ಡಾಕ್ಯುಮೆಂಟ್ಸ್, ಅದರೊಳಗಿನ ಮೈ ಗೇಮ್ಸ್, ಬಳಕೆದಾರರ ಫೋಲ್ಡರ್‌ನ ಸೇವ್ಡ್ ಗೇಮ್ಸ್, ಆಮೇಲೆ ಆ್ಯಪ್‌ಡೇಟಾದ ಲೋಕಲ್, ಲೋಕಲ್‌ಲೋ, ರೋಮಿಂಗ್. ಜಿಟಿಎ 5 ಕತೆಯ ಸೇವ್ ಡಾಕ್ಯುಮೆಂಟ್ಸ್ ಒಳಗೆ ರಾಕ್‌ಸ್ಟಾರ್ ಗೇಮ್ಸ್, ಜಿಟಿಎ 5, ಪ್ರೊಫೈಲ್ಸ್‌ನಲ್ಲಿ ಇರುತ್ತದೆ. ಇವೆಲ್ಲ ಸೇರಿದರೂ ಒಂದು ಹಳೇ ಪೆನ್‌ಡ್ರೈವ್ ತುಂಬುವುದಿಲ್ಲ. ಡಾಕ್ಯುಮೆಂಟ್ಸ್ ಒನ್‌ಡ್ರೈವ್‌ಗೆ ಸೇರಿಕೊಂಡಿದ್ದರೆ ಅಲ್ಲಿ ಉಚಿತ ಮಿತಿ 5 ಜಿಬಿ ಮಾತ್ರ. ಅದು ತುಂಬಿದ್ದರೆ ಸಿಂಕ್ ನಿಂತಿರುತ್ತದೆ, ನಂಬಿಕೊಂಡು ಕೂರಬೇಡಿ.

ನಾಪೋಕ್ಲು_ಪೋಷಕಿ:

ಬೆಡ್‌ರಾಕ್ ಅಂತ ಮಗಳು ಹೇಳಿದಳು. ಎಕ್ಸ್‌ಪೋರ್ಟ್ ಮಾಡಿ ಇಟ್ಟುಕೊಳ್ಳುತ್ತೇವೆ, ಗೇಮ್ ತೆಗೆಯುವುದಿಲ್ಲ. ತುಂಬಾ ಧನ್ಯವಾದ.

ಮಡಿಕೇರಿ_ಹಾರ್ಡ್‌ವೇರ್:

ವ್ಯಾಲೊರಂಟ್, ಬ್ಲೂಸ್ಟ್ಯಾಕ್ಸ್ ಬಗ್ಗೆ ಯಾರೂ ಹೇಳಲಿಲ್ಲ. ಇವೆರಡನ್ನು ತೆಗೆಯುವುದೇ ಸರಿ.

ವ್ಯಾಲೊರಂಟ್ ಸೇವ್ ಎಲ್ಲ ಸರ್ವರ್‌ನಲ್ಲಿ, ಕಳೆದುಕೊಳ್ಳುವುದು ಏನಿಲ್ಲ. ಇನ್‌ಸ್ಟಾಲ್ಡ್ ಆ್ಯಪ್ಸ್‌ನಿಂದ ತೆಗೆಯಿರಿ. ಆದರೆ ಆಟದಲ್ಲಿ ಮೋಸ ತಡೆಯುವ ರಯಟ್ ವ್ಯಾನ್‌ಗಾರ್ಡ್ ಅನ್ನುವುದು ಅದೇ ಪಟ್ಟಿಯಲ್ಲಿ ಬೇರೆಯಾಗಿ ಇರುತ್ತದೆ, ಅದನ್ನೂ ತೆಗೆಯಬೇಕು. ಮೊದಲು ಟ್ರೇಯಲ್ಲಿ ಅದರ ಐಕಾನ್ ಮೇಲೆ ಬಲ ಕ್ಲಿಕ್ ಮಾಡಿ ಎಕ್ಸಿಟ್ ಕೊಡಿ, ಆಮೇಲೆ ಅನ್‌ಇನ್‌ಸ್ಟಾಲ್, ಆಮೇಲೆ ರೀಸ್ಟಾರ್ಟ್. ಜಾಗ ದೊಡ್ಡದೇನಲ್ಲ, ಆದರೆ ಗೇಮ್ ಇಲ್ಲದಿದ್ದರೂ ವಿಂಡೋಸ್ ಜೊತೆಗೇ ಶುರುವಾಗುವ ಡ್ರೈವರ್ ಅದು. ಲೀಗ್ ಆಫ್ ಲೆಜೆಂಡ್ಸ್ ಆಡುವವರು ಮಾತ್ರ ಬಿಡಿ, ಅದಕ್ಕೂ ಬೇಕು.

ಬ್ಲೂಸ್ಟ್ಯಾಕ್ಸ್ ಕತೆ ಬೇರೆ. ಅದರೊಳಗಿನ ಆಂಡ್ರಾಯ್ಡ್ ಪೂರ್ತಿ ಒಂದು ದೊಡ್ಡ ವರ್ಚುವಲ್ ಡಿಸ್ಕ್ ಫೈಲ್‌ನಲ್ಲಿ ಕೂತಿರುತ್ತದೆ. ಒಳಗೆ ಗೇಮ್ ಹಾಕಿದಂತೆ ಆ ಫೈಲ್ ಬೆಳೆಯುತ್ತದೆ. ಒಳಗಿನ ಗೇಮ್ ಅಳಿಸಿದರೆ ಕುಗ್ಗುವುದಿಲ್ಲ. "ಎಲ್ಲಾ ತೆಗೆದೆ, ಜಾಗ ಬರಲಿಲ್ಲ" ಅನ್ನುವುದಕ್ಕೆ ಇದೇ ಕಾರಣ. ಇಟ್ಟುಕೊಳ್ಳುವುದಾದರೆ ಇನ್‌ಸ್ಟೆನ್ಸ್ (ಓಡುತ್ತಿರುವ ಆಂಡ್ರಾಯ್ಡ್) ನಿಲ್ಲಿಸಿ, ಮಲ್ಟಿ-ಇನ್‌ಸ್ಟೆನ್ಸ್ ಮ್ಯಾನೇಜರ್‌ನಲ್ಲಿ ಡಿಸ್ಕ್ ಕ್ಲೀನಪ್ ಕೊಡಿ. ತೆಗೆಯುವುದಾದರೆ ಅನ್‌ಇನ್‌ಸ್ಟಾಲ್ ಮುಗಿದ ಮೇಲೆ ಸಿ ಡ್ರೈವ್‌ನ ಪ್ರೋಗ್ರಾಂಡೇಟಾ ಒಳಗೆ ಬ್ಲೂಸ್ಟ್ಯಾಕ್ಸ್ ಹೆಸರಿನ ಫೋಲ್ಡರ್ ಉಳಿದಿದೆಯಾ ನೋಡಿ. ಪ್ರೋಗ್ರಾಂಡೇಟಾ ಅಡಗಿಸಿಟ್ಟ ಫೋಲ್ಡರ್, ಎಕ್ಸ್‌ಪ್ಲೋರರ್‌ನಲ್ಲಿ ವ್ಯೂ, ಶೋ, ಹಿಡನ್ ಐಟಮ್ಸ್ ಆನ್ ಮಾಡಿದರೆ ಕಾಣುತ್ತದೆ. ಒಳಗಿನ ಗೇಮ್‌ಗಳನ್ನು ಗೆಸ್ಟ್ ಆಗಿ ಆಡುತ್ತಿದ್ದರೆ ತೆಗೆಯುವ ಮುಂಚೆ ಗೂಗಲ್ ಖಾತೆಗೆ ಜೋಡಿಸಿ, ಇಲ್ಲದಿದ್ದರೆ ಆ ಪ್ರೊಫೈಲ್ ಹೋಯಿತೆಂದೇ ಲೆಕ್ಕ.

ಗೋಣಿಕೊಪ್ಪ_ಸಿವಿಲ್:

ವ್ಯಾಲೊರಂಟ್, ವ್ಯಾನ್‌ಗಾರ್ಡ್, ಬ್ಲೂಸ್ಟ್ಯಾಕ್ಸ್ ಮೂರೂ ತೆಗೆದೆ, ಪ್ರೋಗ್ರಾಂಡೇಟಾ ಫೋಲ್ಡರ್ ಕೂಡ ಡಿಲೀಟ್ ಮಾಡಿದೆ. ಆದ್ರೂ ಅಂದ್ಕೊಂಡಷ್ಟು ಜಾಗ ಬಂದಿಲ್ಲ. ಯಾಕೆ?

ಮಡಿಕೇರಿ_ಹಾರ್ಡ್‌ವೇರ್:

ಕೈಯಾರೆ ಡಿಲೀಟ್ ಮಾಡಿದ ಫೋಲ್ಡರ್ ರೀಸೈಕಲ್ ಬಿನ್‌ನಲ್ಲಿ ಇರುತ್ತದೆ, ಮೊದಲು ಅದನ್ನು ಖಾಲಿ ಮಾಡಿ. ಬಿನ್ ಅದೇ ಡ್ರೈವ್‌ನ ಜಾಗವನ್ನೇ ಬಳಸುವುದು.

ಆಮೇಲೆ ಸೆಟ್ಟಿಂಗ್ಸ್, ಸಿಸ್ಟಮ್, ಸ್ಟೋರೇಜ್, ಟೆಂಪರರಿ ಫೈಲ್ಸ್ ತೆರೆಯಿರಿ. ಎಣಿಕೆ ಮುಗಿಯಲು ಒಂದೆರಡು ನಿಮಿಷ ಬಿಡಿ. ಅಲ್ಲಿ ಪ್ರೀವಿಯಸ್ ವಿಂಡೋಸ್ ಇನ್‌ಸ್ಟಾಲೇಷನ್ ಅಂತ ಇದ್ದರೆ ದೊಡ್ಡ ಲಾಭ. ಮೇಲ್ದರ್ಜೆಗೆ ಹೋದ ಮೇಲೆ ಹಳೆಯ ವಿಂಡೋಸ್‌ನ ಫೈಲ್‌ಗಳು ಹತ್ತು ದಿನ ಇರುತ್ತವೆ, ಸಾಮಾನ್ಯವಾಗಿ ಆಮೇಲೆ ತಾವಾಗಿ ಹೋಗುತ್ತವೆ. ಡೆಲಿವರಿ ಆಪ್ಟಿಮೈಸೇಷನ್ ಫೈಲ್ಸ್, ಡೈರೆಕ್ಟ್‌ಎಕ್ಸ್ ಶೇಡರ್ ಕ್ಯಾಶ್ ಎರಡಕ್ಕೂ ಟಿಕ್ ಹಾಕಬಹುದು. ಶೇಡರ್ ಕ್ಯಾಶ್ ಹೋದರೆ ಉಳಿದ ಗೇಮ್‌ಗಳು ಮೊದಲ ಸಲ ತೆರೆದಾಗ ಸ್ವಲ್ಪ ತಡವರಿಸಿ, ಆಮೇಲೆ ಸರಿಯಾಗುತ್ತವೆ. ಅದೇ ಪಟ್ಟಿಯಲ್ಲಿ ಡೌನ್‌ಲೋಡ್ಸ್ ಅಂತಲೂ ಒಂದಿದೆ. ಅದು ನಿಮ್ಮ ಡೌನ್‌ಲೋಡ್ಸ್ ಫೋಲ್ಡರ್ರೇ, ಕಸವಲ್ಲ. ಅಲ್ಲಿ ಟಿಕ್ ಇರಬಾರದು. ಹಾಲ್ ಟಿಕೆಟ್, ಮಾರ್ಕ್ಸ್ ಕಾರ್ಡ್ ಪಿಡಿಎಫ್ ಎಲ್ಲ ಅಲ್ಲೇ ಇಟ್ಟುಕೊಂಡಿರುತ್ತೀರಿ.

ಮೂರನೇದು, ಸಿಸ್ಟಮ್ ಪ್ರೊಟೆಕ್ಷನ್. ರಿಸ್ಟೋರ್ ಪಾಯಿಂಟ್ (ತೊಂದರೆಯಾದರೆ ವಿಂಡೋಸನ್ನು ಹಿಂದಿನ ಸ್ಥಿತಿಗೆ ತರುವ ವ್ಯವಸ್ಥೆ) ಆನ್ ಇದ್ದರೆ ಅಳಿಸಿದ ಮತ್ತು ಬದಲಾದ ಡೇಟಾದ ಪಾಲು ಅದರ ಲೆಕ್ಕಕ್ಕೆ ಹೋಗಿ ಕೂರಬಹುದು. ಸ್ಟಾರ್ಟ್‌ನಲ್ಲಿ ಕ್ರಿಯೇಟ್ ಎ ರಿಸ್ಟೋರ್ ಪಾಯಿಂಟ್ ಅಂತ ಹುಡುಕಿ, ಸಿ ಆರಿಸಿ ಕಾನ್ಫಿಗರ್ ಒತ್ತಿ, ಎಷ್ಟು ಬಳಸಿದೆ ನೋಡಿ. ಆಫ್ ಮಾಡಬೇಡಿ, ಮ್ಯಾಕ್ಸ್ ಯೂಸೇಜ್ ಮಾತ್ರ ಇಳಿಸಿ, 5 ಜಿಬಿ ಸಾಕು.

ನಾಲ್ಕನೇದು ಸ್ಟೀಮ್ ಗೇಮ್ ತೆಗೆದವರಿಗೆ. ತಾನು ಹಾಕಿದ ಫೈಲ್ ಮಾತ್ರ ಸ್ಟೀಮ್ ಅಳಿಸುತ್ತದೆ. ನೀವು ಸೇರಿಸಿದ ಮಾಡ್‌ಗಳು ಸ್ಟೀಮ್‌ಆ್ಯಪ್ಸ್, ಕಾಮನ್ ಒಳಗೆ ಗೇಮ್ ಹೆಸರಿನ ಫೋಲ್ಡರ್‌ನಲ್ಲೇ ಉಳಿಯುತ್ತವೆ. ವಿಜ್‌ಟ್ರೀಯಲ್ಲಿ ಆ ಫೋಲ್ಡರ್ ಇನ್ನೂ ಕಂಡರೆ ಒಳಗೆ ನೋಡಿ ಅಳಿಸಿ.

ಒಂದು ಮಾತು: ರಿಜಿಸ್ಟ್ರಿ ಕ್ಲೀನರ್‌ಗಳನ್ನು ಹಾಕಬೇಡಿ. ಇಡೀ ರಿಜಿಸ್ಟ್ರಿಯೇ ಕೆಲವು ನೂರು ಎಂಬಿ ಒಳಗೆ, ಅಲ್ಲಿ ಗೀಚಿ ಜಾಗ ಸಿಗುವುದಿಲ್ಲ. ಪಟ್ಟಿಯಲ್ಲಿ ಕಾಣುವ ವಿಷುವಲ್ ಸಿ++ ರೀಡಿಸ್ಟ್ರಿಬ್ಯೂಟಬಲ್‌ಗಳನ್ನೂ ಗೇಮಿನ ಉಳಿಕೆ ಅಂದುಕೊಂಡು ತೆಗೆಯಬೇಡಿ. ಪ್ರತಿಯೊಂದೂ ಚಿಕ್ಕದು, ಆಟೋಕ್ಯಾಡ್ ಥರದ್ದಕ್ಕೂ ಅವು ಬೇಕು.

ಅಮ್ಮತ್ತಿ_ಕೋಡ್:

ಹೈಬರ್ನೇಷನ್ ಆಫ್ ಮಾಡಿದರೆ ಇನ್ನೂ ಸಿಗುತ್ತಲ್ಲಾ? ಕಮಾಂಡ್ ಪ್ರಾಂಪ್ಟ್ ಅಡ್ಮಿನ್ ಆಗಿ ತೆರೆದು ಪವರ್‌ಸಿಎಫ್‌ಜಿ ಕಮಾಂಡ್ ಕೊಟ್ಟು ಆಫ್ ಮಾಡಿದರೆ ಹೈಬರ್‌ಫಿಲ್ ಫೈಲ್ ಪೂರ್ತಿ ಹೋಗುತ್ತೆ. ಡೀಫಾಲ್ಟ್ ಆಗಿ ಅದು ರ‍್ಯಾಮ್‌ನ ಶೇ. 40. 8 ಜಿಬಿಗೆ 3.2 ಜಿಬಿ.

ಮಡಿಕೇರಿ_ಹಾರ್ಡ್‌ವೇರ್:

ಲೆಕ್ಕ ಸರಿ, ಸಲಹೆ ಇಲ್ಲಿಗೆ ಹೊಂದುವುದಿಲ್ಲ. ಕರೆಂಟ್ ಹೋಗಿ ಬ್ಯಾಟರಿ ಕೊನೆಗೆ ಬಂದಾಗ ವಿಂಡೋಸ್ ತೆರೆದಿರುವ ಕೆಲಸವನ್ನು ಆ ಫೈಲ್‌ಗೆ ಬರೆದು ಆಫ್ ಆಗುತ್ತದೆ. ಹೈಬರ್ನೇಷನ್ ಇಲ್ಲದಿದ್ದರೆ ಸೇವ್ ಮಾಡದ ಡ್ರಾಯಿಂಗ್ ಹೋಯಿತು. ಮೂರು ಜಿಬಿಗೆ ಆ ರಕ್ಷಣೆ ಕೊಡಬೇಡಿ, ಅದೂ ಮಳೆಗಾಲದಲ್ಲಿ.

ಅಮ್ಮತ್ತಿ_ಕೋಡ್:

ಒಪ್ಪಿದೆ. ಡೆಸ್ಕ್‌ಟಾಪ್ ಇದ್ದು ಯುಪಿಎಸ್ ಇರೋರಿಗೆ ಮಾತ್ರ ನನ್ನ ಸಲಹೆ.

ಸೋಮವಾರಪೇಟೆ_ಪೆಂಗ್ವಿನ್:

ಲಿನಕ್ಸ್‌ನಲ್ಲಿ ಸ್ಟೀಮ್ ಬಳಸುವವರಿಗೆ ಎರಡು ಸಾಲು. ಪ್ರೋಟಾನ್ (ವಿಂಡೋಸ್ ಗೇಮ್ ಲಿನಕ್ಸ್‌ನಲ್ಲಿ ಓಡಿಸುವ ಸಾಧನ) ಮೂಲಕ ಆಡಿದ ಪ್ರತಿ ಗೇಮ್‌ಗೂ ಸ್ಟೀಮ್‌ಆ್ಯಪ್ಸ್ ಒಳಗೆ ಕಂಪ್ಯಾಟ್‌ಡೇಟಾ ಎಂಬಲ್ಲಿ ಸಂಖ್ಯೆ ಹೆಸರಿನ ಒಂದು ಫೋಲ್ಡರ್ ಇರುತ್ತದೆ, ಗೇಮ್ ತೆಗೆದ ಮೇಲೂ ಉಳಿದಿರಬಹುದು. ಅದನ್ನು ಕಣ್ಣುಮುಚ್ಚಿ ಅಳಿಸಬೇಡಿ, ಕ್ಲೌಡ್ ಇಲ್ಲದ ಗೇಮ್‌ನ ಸೇವ್ ಅದರೊಳಗೇ ಇರುತ್ತದೆ. ಪಕ್ಕದ ಶೇಡರ್‌ಕ್ಯಾಶ್ ಫೋಲ್ಡರ್ ಅಳಿಸಿದರೆ ತೊಂದರೆ ಇಲ್ಲ.

ಸಿದ್ದಾಪುರ_ಎಸ್ಟೇಟ್:

ಡಿ ಡ್ರೈವ್ ಇಲ್ಲದವರು ಏನು ಮಾಡಬೇಕು? ನನ್ನದು 256 ಜಿಬಿ, ಒಂದೇ ಸಿ. ಹೊರಗಿನ ಹಾರ್ಡ್ ಡಿಸ್ಕ್ ತೆಗೆದುಕೊಳ್ಳಬಹುದೇ?

ವಿರಾಜಪೇಟೆ_ಗೇಮರ್:

ತೆಗೆದುಕೊಳ್ಳಬಹುದು ಸರ್. ಆಡುವುದಕ್ಕಾ, ಬ್ಯಾಕಪ್‌ಗಾ ಅಂತ ಮೊದಲು ನಿರ್ಧರಿಸಿ. ಅದರಿಂದಲೇ ಆಡುವುದಾದರೆ ಎಕ್ಸ್‌ಟರ್ನಲ್ ಎಸ್‌ಎಸ್‌ಡಿ. ತಿರುಗುವ ಹಾರ್ಡ್ ಡಿಸ್ಕ್‌ನಿಂದ ದೊಡ್ಡ ಗೇಮ್ ತೆರೆಯಲು ನಿಮಿಷಗಟ್ಟಲೆ ಬೇಕು, ಕೆಲವು ಗೇಮ್‌ಗಳು ಎಸ್‌ಎಸ್‌ಡಿ ಕಡ್ಡಾಯ ಅನ್ನುತ್ತವೆ. ಬರೀ ಇಟ್ಟುಕೊಳ್ಳಲು 1 ಟಿಬಿ ಹಾರ್ಡ್ ಡಿಸ್ಕ್ ಸಾಕು. ನೀಲಿ ನಾಲಗೆಯ ಯುಎಸ್‌ಬಿ 3 ಪೋರ್ಟ್‌ಗೇ ಹಾಕಿ. ಸೆಕೆಂಡಿಗೆ 100 ಎಂಬಿ ಬಂದರೆ 100 ಜಿಬಿಗೆ 17 ನಿಮಿಷದ ಲೆಕ್ಕ, ಚಿಕ್ಕ ಫೈಲ್ ಜಾಸ್ತಿ ಇರುವುದರಿಂದ ಅರ್ಧ ಗಂಟೆ ಹಿಡಿಯುತ್ತದೆ. ಹಳೆಯ ಯುಎಸ್‌ಬಿ 2 ಆದರೆ ಒಂದು ಗಂಟೆ ದಾಟುತ್ತದೆ. ಹಾಗಾದರೂ ಡೌನ್‌ಲೋಡ್‌ಗಿಂತ ಎಷ್ಟೋ ವಾಸಿ.

ಫಾರ್ಮ್ಯಾಟ್ ಎನ್‌ಟಿಎಫ್‌ಎಸ್ ಇರಲಿ. ಹೊಸ ಡಿಸ್ಕ್ ಎಷ್ಟೋ ಸಲ ಎಕ್ಸ್‌ಫ್ಯಾಟ್‌ನಲ್ಲಿ ಬರುತ್ತದೆ, ಅಲ್ಲಿ ದೊಡ್ಡ ಡಿಸ್ಕ್‌ಗೆ ವಿಂಡೋಸ್ ಕೊಡುವ ಕ್ಲಸ್ಟರ್ 128 ಕೆಬಿ. ಅಂದರೆ 2 ಕೆಬಿಯ ಫೈಲ್ ಕೂಡ 128 ಕೆಬಿ ಹಿಡಿಯುತ್ತದೆ. ಸಾವಿರಾರು ಚಿಕ್ಕ ಫೈಲ್ ಇರುವ ಗೇಮ್ ಅಲ್ಲಿ ಊದಿಕೊಳ್ಳುತ್ತದೆ. ಎನ್‌ಟಿಎಫ್‌ಎಸ್‌ನಲ್ಲಿ ಸಾಮಾನ್ಯವಾಗಿ 4 ಕೆಬಿ. ಎಫ್‌ಎಟಿ32 ಬೇಡವೇ ಬೇಡ, 4 ಜಿಬಿ ಮೀರಿದ ಫೈಲ್ ಅದರಲ್ಲಿ ಕೂರುವುದಿಲ್ಲ. ಫಾರ್ಮ್ಯಾಟ್ ಮಾಡಿದರೆ ಡಿಸ್ಕ್‌ನಲ್ಲಿರುವುದೆಲ್ಲ ಹೋಗುತ್ತದೆ, ಖಾಲಿ ಇರುವಾಗಲೇ ಮಾಡಿ.

ಸ್ಟೀಮ್ ಗೇಮ್ ಬ್ಯಾಕಪ್‌ಗೆ ಕಾಮನ್ ಒಳಗಿನ ಗೇಮ್ ಫೋಲ್ಡರ್ ಜೊತೆಗೆ, ಸ್ಟೀಮ್‌ಆ್ಯಪ್ಸ್‌ನಲ್ಲಿ ಆ್ಯಪ್‌ಮ್ಯಾನಿಫೆಸ್ಟ್ ಅಂತ ಶುರುವಾಗಿ ಗೇಮ್ ಸಂಖ್ಯೆ ಇರುವ ಚಿಕ್ಕ ಫೈಲನ್ನೂ ಕಾಪಿ ಮಾಡಿ. ವಾಪಸ್ ಹಾಕುವಾಗ ಎರಡನ್ನೂ ಅದದೇ ಜಾಗಕ್ಕಿಟ್ಟು ಸ್ಟೀಮ್ ತೆರೆಯಿರಿ. ಆಮೇಲೆ ಪ್ರಾಪರ್ಟೀಸ್, ಇನ್‌ಸ್ಟಾಲ್ಡ್ ಫೈಲ್ಸ್‌ನಲ್ಲಿ ವೆರಿಫೈ ಕೊಟ್ಟರೆ ಹಾಳಾದ, ಹಳೆಯದಾದ ಫೈಲ್ ಮಾತ್ರ ಇಳಿಯುತ್ತದೆ.

ಮಡಿಕೇರಿ_ಹಾರ್ಡ್‌ವೇರ್:

ಕಾಪಿ ನಡೆಯುವಾಗ ಲ್ಯಾಪ್‌ಟಾಪ್ ಮಲಗಬಾರದು. ಪವರ್ ಸೆಟ್ಟಿಂಗ್‌ನಲ್ಲಿ ಸ್ಲೀಪ್ ನೆವರ್ ಮಾಡಿ, ಮುಚ್ಚಳ ಮುಚ್ಚಬೇಡಿ, ಬ್ಯಾಟರಿ ಅರ್ಧಕ್ಕಿಂತ ಮೇಲಿದ್ದಾಗಲೇ ಶುರು ಮಾಡಿ. ತಿರುಗುತ್ತಿರುವ ಹಾರ್ಡ್ ಡಿಸ್ಕನ್ನು ಅಲುಗಾಡಿಸಬೇಡಿ, ಎಜೆಕ್ಟ್ ಕೊಡದೆ ಕೀಳಬೇಡಿ.

ನಮ್ಮ ಹವೆಗೆ ಇನ್ನೊಂದು. ಜುಲೈ, ಆಗಸ್ಟ್‌ನಲ್ಲಿ ಬೀರುವಿನೊಳಗೂ ಬೂಷ್ಟು ಬರುತ್ತದೆ. ಡಿಸ್ಕನ್ನು ಬಿಗಿ ಮುಚ್ಚಳದ ಡಬ್ಬದಲ್ಲಿ, ಸಿಲಿಕಾ ಜೆಲ್ ಪೊಟ್ಟಣ ಹಾಕಿ ಇಡಿ. ತಂಪು ಕೋಣೆಯಿಂದ ತಂದ ಡಿಸ್ಕನ್ನು ಒಲೆ ಹೊತ್ತಿಸಿದ ಬೆಚ್ಚನೆ ಕೋಣೆಯಲ್ಲಿ ತಕ್ಷಣ ಚುಚ್ಚಬೇಡಿ, ತೇವ ಆರಲು ಸ್ವಲ್ಪ ಹೊತ್ತು ಬಿಡಿ. ವರ್ಷಗಟ್ಟಲೆ ಮೂಲೆಯಲ್ಲಿ ಬಿಡದೆ ಆಗಾಗ ಹಾಕಿ ನೋಡುತ್ತಿರಿ.

256 ಜಿಬಿ ಇರುವವರು ಕೆಳಮುಚ್ಚಳದೊಳಗೆ ಎರಡನೇ ಎಂ.2 ಸ್ಲಾಟ್ (ಇನ್ನೊಂದು ಎಸ್‌ಎಸ್‌ಡಿ ಕೂರಿಸುವ ಜಾಗ) ಇದೆಯೇ ಅಂತ ನಿಮ್ಮ ಮಾಡೆಲ್‌ನ ಸರ್ವಿಸ್ ಮ್ಯಾನ್ಯುಯಲ್ ನೋಡಿ. ಇದ್ದರೆ ಎಕ್ಸ್‌ಟರ್ನಲ್‌ಗಿಂತ ಅದೇ ಒಳ್ಳೆಯದು. ಉದ್ದ 2280 ಅಥವಾ 2242, ಬಗೆ ಎನ್‌ವಿಎಂಇ ಅಥವಾ ಸಾಟಾ, ಎರಡೂ ಹೊಂದಬೇಕು. ಮುಚ್ಚಳ ಬಿಚ್ಚುವ ಮುಂಚೆ ಬಿಟ್‌ಲಾಕರ್ ರಿಕವರಿ ಕೀ (ಡಿಸ್ಕ್‌ಗೆ ವಿಂಡೋಸ್ ಹಾಕಿದ ಬೀಗ ತೆಗೆಯುವ ಸಂಖ್ಯೆ) ಬೇರೆಲ್ಲಾದರೂ ಬರೆದಿಡಿ.

ಕುಶಾಲನಗರ_ನೆಟ್:

ಹಾಸ್ಟೆಲ್‌ನಲ್ಲಿ ಇರೋರಿಗೆ: 2023ರಿಂದ ಸ್ಟೀಮ್‌ನಲ್ಲಿ ಲೋಕಲ್ ನೆಟ್‌ವರ್ಕ್ ಟ್ರಾನ್ಸ್‌ಫರ್ ಇದೆ. ಒಂದೇ ರೂಟರ್‌ಗೆ ಸೇರಿದ ಇನ್ನೊಂದು ಕಂಪ್ಯೂಟರ್‌ನಲ್ಲಿ ಅದೇ ಗೇಮ್ ಇದ್ದರೆ ಅಲ್ಲಿಂದಲೇ ಎಳೆದುಕೊಳ್ಳುತ್ತೆ. ಇಬ್ಬರೂ ಸೆಟ್ಟಿಂಗ್ಸ್, ಡೌನ್‌ಲೋಡ್ಸ್‌ನಲ್ಲಿ ಅನುಮತಿ ಕೊಟ್ಟಿರಬೇಕು, ಇಬ್ಬರೂ ಲಾಗಿನ್ ಆಗಿರಬೇಕು. ನೆಟ್ ಸ್ವಲ್ಪ ಬೇಕು, ಆದರೆ ದೊಡ್ಡ ಡೇಟಾ ಹೊರಗಿಂದ ಬರಲ್ಲ. ಇದು ಇದ್ದರೆ ಗೇಮ್ ತೆಗೆಯೋಕೆ ಹೆದರಬೇಕಿಲ್ಲ.

ಗೋಣಿಕೊಪ್ಪ_ಸಿವಿಲ್:

ಎಪಿಕ್ ವಿಧಾನ ಸರಿಯಾಗಿ ಆಯ್ತು, ಜಿಟಿಎ ಈಗ ಡಿ ನಲ್ಲಿ ಓಡ್ತಿದೆ. ಬಿನ್ ಖಾಲಿ ಮಾಡಿ, ರಿಸ್ಟೋರ್ ಪಾಯಿಂಟ್ ಮಿತಿ ಇಳಿಸಿದ ಮೇಲೆ ಸಿ ನಲ್ಲಿ 140 ಜಿಬಿ ಹತ್ತಿರ ಖಾಲಿ ಇದೆ. ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಇನ್ನೊಂದೇ ಡೌಟು: ಸ್ಟೀಮ್ ಗೇಮ್ ಒಂದಕ್ಕೆ 2 ಜಿಬಿ ಅಪ್‌ಡೇಟ್ ಬಂದ್ರೂ ಜಾಗ ಸಾಲದು ಅಂತ ಮೊದಲು ಬೈತಿತ್ತು, 4 ಜಿಬಿ ಇತ್ತಲ್ಲಾ?

ವಿರಾಜಪೇಟೆ_ಗೇಮರ್:

ಇಳಿಯುವುದು 2 ಜಿಬಿ ಇದ್ದರೂ, ಅದು 20 ಜಿಬಿಯ ಒಂದು ದೊಡ್ಡ ಪ್ಯಾಕ್ ಫೈಲ್ ಒಳಗೆ ಅಲ್ಲಲ್ಲಿ ಬದಲಾವಣೆ ಆಗಿದ್ದರೆ ಸ್ಟೀಮ್ ಆ ಫೈಲನ್ನು ಪಕ್ಕದಲ್ಲಿ ಹೊಸದಾಗಿ ಕಟ್ಟಿ, ಆಮೇಲೆ ಹಳೆಯದನ್ನು ಅಳಿಸುತ್ತದೆ. ಅಷ್ಟು ಹೊತ್ತು ಎರಡಕ್ಕೂ ಜಾಗ ಬೇಕು. ಆದ್ದರಿಂದ ಗೇಮ್ ಇರುವ ಡ್ರೈವ್‌ನಲ್ಲಿ, ಅಂದರೆ ಈಗ ಡಿ ಯಲ್ಲಿ, ನಿಮ್ಮ ಅತಿ ದೊಡ್ಡ ಗೇಮ್‌ನ ಕಾಲು ಭಾಗದಷ್ಟಾದರೂ ಖಾಲಿ ಬಿಡಿ. ಸಿ ಯಲ್ಲೂ ಶೇ. 15 ಖಾಲಿ ಇರಲಿ. ಎಸ್‌ಎಸ್‌ಡಿ ಪೂರ್ತಿ ತುಂಬಿದರೆ ಬರೆಯುವ ವೇಗ ಕುಸಿಯುತ್ತದೆ, ವಿಂಡೋಸ್ ದೊಡ್ಡ ಅಪ್‌ಡೇಟ್ ಕೂಡ ನಡುವೆ ನಿಲ್ಲುತ್ತದೆ. ಅಪರೂಪಕ್ಕೆ ಆಡುವ ಗೇಮ್‌ನ ಪ್ರಾಪರ್ಟೀಸ್, ಅಪ್‌ಡೇಟ್ಸ್‌ನಲ್ಲಿ ಆಟ ತೆರೆದಾಗ ಮಾತ್ರ ಅಪ್‌ಡೇಟ್ ಅನ್ನುವುದನ್ನು ಆರಿಸಿ, ಡೇಟಾವೂ ಉಳಿಯುತ್ತದೆ.

ಸಿದ್ದಾಪುರ_ಎಸ್ಟೇಟ್:

ಎಕ್ಸ್‌ಟರ್ನಲ್ ಎಸ್‌ಎಸ್‌ಡಿಗೆ ಗೇಮ್ ಹಾಕಿದೆ. ನಿನ್ನೆ ಸರಿ ಇತ್ತು, ಇವತ್ತು ಪೆನ್‌ಡ್ರೈವ್ ಜೊತೆಗೆ ಚುಚ್ಚಿದರೆ ಸ್ಟೀಮ್ ಎಲ್ಲಾ ಗೇಮ್‌ಗೂ ಇನ್‌ಸ್ಟಾಲ್ ಅಂತ ತೋರಿಸುತ್ತಿದೆ.

ವಿರಾಜಪೇಟೆ_ಗೇಮರ್:

ಇನ್‌ಸ್ಟಾಲ್ ಒತ್ತಬೇಡಿ ಸರ್, ಗೇಮ್ ಎಲ್ಲೂ ಹೋಗಿಲ್ಲ. ಪೆನ್‌ಡ್ರೈವ್ ಇ ಅಕ್ಷರ ಹಿಡಿದುಕೊಂಡು, ನಿಮ್ಮ ಎಸ್‌ಎಸ್‌ಡಿ ಎಫ್ ಆಗಿದೆ, ಸ್ಟೀಮ್ ಇನ್ನೂ ಇ ಯಲ್ಲಿ ಹುಡುಕುತ್ತಿದೆ. ಸ್ಟೀಮ್ ಎಕ್ಸಿಟ್ ಮಾಡಿ, ಪೆನ್‌ಡ್ರೈವ್ ತೆಗೆಯಿರಿ. ಸ್ಟಾರ್ಟ್ ಮೇಲೆ ಬಲ ಕ್ಲಿಕ್, ಡಿಸ್ಕ್ ಮ್ಯಾನೇಜ್‌ಮೆಂಟ್, ಎಸ್‌ಎಸ್‌ಡಿಯ ಭಾಗದ ಮೇಲೆ ಬಲ ಕ್ಲಿಕ್, ಚೇಂಜ್ ಡ್ರೈವ್ ಲೆಟರ್, ಅಲ್ಲಿ ಎಸ್ ಅಥವಾ ಝಡ್ ಥರ ಕೊನೆಯ ಕಡೆಯ ಒಂದು ಅಕ್ಷರ ಕೊಡಿ. ಆ ಲ್ಯಾಪ್‌ಟಾಪ್‌ನಲ್ಲಿ ಅದು ಹಾಗೇ ಉಳಿಯುತ್ತದೆ. ಆಮೇಲೆ ಸ್ಟೀಮ್ ಸ್ಟೋರೇಜ್‌ನಲ್ಲಿ ಆ್ಯಡ್ ಡ್ರೈವ್ ಮಾಡಿ ಹೊಸ ಅಕ್ಷರ ಆರಿಸಿದರೆ ಇರುವ ಲೈಬ್ರರಿಯನ್ನೇ ಗುರುತಿಸುತ್ತದೆ, ಏನೂ ಇಳಿಸಬೇಕಾಗಿಲ್ಲ. ಮುಂದೆ ಎಸ್‌ಎಸ್‌ಡಿ ಚುಚ್ಚಿದ ಮೇಲೇ ಸ್ಟೀಮ್ ತೆರೆಯಿರಿ.